ಅರಮನೆಯ ಪಂಜರ: ‘ಪ್ಯಾರಡೈಸ್’ ಕಿರುಚಿತ್ರ ಮತ್ತು ನಿರ್ಮೋಹದ ಅರಿವು

‘ಪ್ಯಾರಡೈಸ್’ 1984ರಲ್ಲಿ ಕೆನಡಾದ ರಾಷ್ಟ್ರೀಯ ಚಲನಚಿತ್ರ ಮಂಡಳಿಯು ಹೊರತಂದ ಕಿರು ಅನಿಮೇಷನ್ ಚಿತ್ರ. ಗುಜರಾತಿನಲ್ಲಿ ಜನಿಸಿ, ಮುಂದೆ ಕೆನಡಾದಲ್ಲಿ ಕಲಾವಿದರಾಗಿ ಹೆಸರಾದ ಈಶು ಪಟೇಲ್ ಇದರ ನಿರ್ದೇಶಕರು. ಸುಮಾರು ಕಾಲು ಗಂಟೆಯ ಈ ಚಿತ್ರವು ಆಸ್ಕರ್ ಪ್ರಶಸ್ತಿಗೆ ನಾಮನಿರ್ದೇಶನಗೊಂಡಿತ್ತು. ಇದರಲ್ಲಿ ಸಂಭಾಷಣೆಯಿಲ್ಲ, ಆದ್ದರಿಂದ ಭಾಷೆಯ ತೊಡಕಿಲ್ಲದೆ ಮಕ್ಕಳಿಂದ ಹಿರಿಯರವರೆಗೆ ಎಲ್ಲರಿಗೂ ನಿಲುಕುತ್ತದೆ.

ಕಥೆ ಸರಳವಾದುದು. ಕಪ್ಪು ಹಕ್ಕಿಯೊಂದು ಅರಮನೆಯಲ್ಲಿ ಬಣ್ಣಬಣ್ಣವಾಗಿ ಮೆರೆಯುವ ಹಕ್ಕಿಯನ್ನು ಕಂಡು, ಸ್ವರ್ಗವೆಂದರೆ ಇದೇ ಎಂದು ಬಗೆಯುತ್ತದೆ. ತಾನೂ ಅದರಂತಾಗಬೇಕೆಂದು ಹಂಬಲಿಸಿ ಅನುಕರಣೆಗಿಳಿಯುತ್ತದೆ. ಆ ವೈಭವದ ಹಕ್ಕಿಯ ಬಾಳು ಪಂಜರದ ಸೆರೆಯೆಂಬುದು ಕಡೆಯಲ್ಲಿ ತಿಳಿಯುತ್ತದೆ. ಕಪ್ಪು ಹಕ್ಕಿಗೆ ಬಾನು ಮೊದಲಿನಿಂದಲೂ ತೆರೆದೇ ಇತ್ತು.

ಬೆಳಕಿನಿಂದ ಕಥೆ ಹೇಳುವ ಕಲೆ ನಮ್ಮ ಸೀಮೆಗೆ ಹೊಸದಲ್ಲ. ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರು ತೊಗಲುಗೊಂಬೆಯಾಟಕ್ಕಾಗಿ 2025ರಲ್ಲಿ ಪದ್ಮಶ್ರೀ ಗೌರವಕ್ಕೆ ಪಾತ್ರರಾದರು. ಹದಗೊಳಿಸಿದ ತೊಗಲಿಗೆ ಬಣ್ಣವಿಟ್ಟು, ಬಿಳಿಯ ಪರದೆಯ ಹಿಂದೆ ದೀಪ ಬೆಳಗಿ ಗೊಂಬೆಗೆ ಜೀವ ತುಂಬುವ ಕಲೆಯದು. ಪಟೇಲರೂ 1978ರ ‘ಆಫ್ಟರ್‌ಲೈಫ್’ ಕಿರುಚಿತ್ರದಲ್ಲಿ ಮೆದುಜೇಡಿಯ ಪದರದ ಹಿಂದಿನಿಂದ ಬೆಳಕು ಹಾಯಿಸಿ ಚಿತ್ರಗಳನ್ನು ಮೂಡಿಸಿದ್ದರು.

‘ಪ್ಯಾರಡೈಸ್’ ಕಾಣಿಸುವ ಸತ್ಯವು ಶರಣರ ಚಿಂತನೆಗೆ ಹತ್ತಿರವಾದುದು. 15ನೆಯ ಶತಮಾನದ ಚಾಮರಸನು ‘ಪ್ರಭುಲಿಂಗಲೀಲೆ’ಯಲ್ಲಿ ಮಾಯೆಯನ್ನು ಬನವಾಸಿಯ ಮಮಕಾರ ರಾಜ ಹಾಗೂ ಮೋಹಿನಿಯರ ಮಗಳಾಗಿ ಚಿತ್ರಿಸಿದ್ದಾನೆ. ಮಮಕಾರವಿಲ್ಲದೆಡೆ ಮಾಯೆಗೆ ಹುಟ್ಟಿಲ್ಲವೆಂಬುದು ಆ ರೂಪಕದ ತಿರುಳು. ಅಲ್ಲಮಪ್ರಭುಗಳು ಅವಳ ನಡುವೆಯೇ ಇದ್ದು ಅವಳಿಗೆ ಸಿಲುಕದವರು. ನಿರ್ಮೋಹಕ್ಕಾಗಿ ಮನೆ ತೊರೆಯಬೇಕೆಂದು ಬಸವಾದಿ ಶರಣರು ವಿಧಿಸಲಿಲ್ಲ. ಕಾಯಕದಿಂದ ಗಳಿಸಿ, ದಾಸೋಹದಲ್ಲಿ ಸಲ್ಲಿಸಿ, ‘ನನ್ನದು’ ಎಂಬ ಹಿಡಿತವನ್ನು ಸಡಿಲಿಸುವ ದಾರಿಯನ್ನು ತೋರಿದರು.

ಇದು ಕೇವಲ ಶಾಸ್ತ್ರದ ಮಾತಾಗಿ ಉಳಿಯಬಾರದು. ಗಂಗಾವತಿಯ ನೀರಾವರಿ ಗದ್ದೆಯವರಿರಲಿ, ಕುಷ್ಟಗಿ, ಯಲಬುರ್ಗಾದ ಮಳೆಯಾಶ್ರಿತ ಹೊಲದವರಿರಲಿ, ನೆರೆಮನೆಯ ಮದುವೆಯ ಆಡಂಬರವನ್ನು ಕಂಡು ಸಾಲಕ್ಕೆ ಕೈಯೊಡ್ಡಿದವರು ಆ ಕಪ್ಪು ಹಕ್ಕಿಯ ಹಂಬಲಕ್ಕೆ ಒಳಗಾದವರೇ. ಒಂದು ದಿನದ ಮೆರುಗಿಗೆ ಹೊಲವನ್ನೇ ಅಡವಿಟ್ಟ ಕುಟುಂಬದ ದುಡಿಮೆಯೆಲ್ಲ ಬಳಿಕ ಬಡ್ಡಿಗೆ ಸಲ್ಲುತ್ತದೆ. ಮಠಗಳಲ್ಲಿ ನಡೆಯುವ ಸಾಮೂಹಿಕ ವಿವಾಹಗಳು ಈ ಸೆರೆಯಿಂದ ಬಿಡಿಸುವ ಸೇವೆಗಳೇ ಆಗಿವೆ.

ಸದ್ಭಕ್ತರು ಮನೆಮಂದಿಯೊಡನೆ ಈ ಕಿರುಚಿತ್ರವನ್ನು ವೀಕ್ಷಿಸಿ, ಕಪ್ಪು ಹಕ್ಕಿಗೆ ನಿಜವಾಗಿ ಏನು ಕೊರತೆಯಿತ್ತೆಂದು ಮಕ್ಕಳನ್ನು ಕೇಳಬಹುದು. ಅವರ ಉತ್ತರದಿಂದ ಹಿರಿಯರಿಗೂ ಕಲಿಯುವುದಿರುತ್ತದೆ.