ಲತಾ ಹಾಡಿದ ಕನ್ನಡದ ಬೆಳಗು

ಕಳೆದ ವರ್ಷ ನಮ್ಮ ಮಹಿಳಾ ವಿಭಾಗದ ಅರಸಿನ ಕುಂಕುಮಕ್ಕೆ ಮಗಳಿಂದ ಒಂದು ಕನ್ನಡ ಹಾಡು ಹೇಳಿಸಬೇಕೆಂದು ಹೊರಟೆ. ಒಂಬತ್ತು ವರ್ಷದ ಅವಳಿಗೆ ಕನ್ನಡ ಅರ್ಥವಾಗುತ್ತದೆ, ಓದಲು ಬರುವುದಿಲ್ಲ. "ಲತಾ ಹಾಡಿದ್ದೇ ಇರಲಿ, ಅವಳಿಗೆ ಸುಲಭ" ಎಂದರು ಅತ್ತೆ. ಲತಾ ಮಂಗೇಶ್ಕರ್ ಕನ್ನಡದಲ್ಲೂ ಹಾಡಿದ್ದಾರೆ ಎಂಬುದು ಭಾಂಡುಪ್‌ನಲ್ಲೇ ಹುಟ್ಟಿ ಬೆಳೆದ ನನಗೆ ತಿಳಿದದ್ದು ಅಂದೇ.

ಆ ಹಾಡು 'ಬೆಳ್ಳನೆ ಬೆಳಗಾಯಿತು'. 1967ರಲ್ಲಿ ತೆರೆಕಂಡ 'ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ' ಚಿತ್ರದ್ದು. ಚಿತ್ರದ ನಿರ್ದೇಶಕರು ಅನಂತ ಹಿರೇಗೌಡರ್, ಹಾಡು ಬರೆದವರು ಭುಜೇಂದ್ರ ಮಹಿಷವಾಡಿ, ರಾಗ ಹಾಕಿದವರು ಲಕ್ಷ್ಮಣ ಬರಲೇಕರ್. ಇದೇ ಚಿತ್ರಕ್ಕೆ ಲತಾ 'ಎಲ್ಲಾರೆ ಇರತೀರೊ' ಎಂಬ ಇನ್ನೊಂದು ಹಾಡನ್ನೂ ಹಾಡಿದ್ದಾರೆ. ಮೊಬೈಲಿನಲ್ಲಿ ಚಿತ್ರದ ಹೆಸರು ಹಾಕಿ ಹುಡುಕಿದರೆ ಮೊದಲು ಎದುರಾಗುವುದು ದರ್ಶನ್ ನಟಿಸಿದ 2012ರ ಅದೇ ಹೆಸರಿನ ಚಿತ್ರ. ಹಳೆಯದು ಸಿಕ್ಕಿದರೂ ಲತಾ ಹೆಸರು ದೊಡ್ಡದಾಗಿ ಇರುತ್ತದೆ. ಮಹಿಷವಾಡಿ, ಬರಲೇಕರ್ ಅವರ ಹೆಸರು ಎಷ್ಟೋ ಕಡೆ ಇರುವುದೇ ಇಲ್ಲ. ದಿನವಿಡೀ ಡೇಟಾದ ಜೊತೆಗೇ ಕೆಲಸ ಮಾಡುವ ನನಗೆ ಇದು ಚುಚ್ಚಿತು. ಒಂದು ಕಾಲಂ ಖಾಲಿ ಬಿಟ್ಟರೆ ಒಬ್ಬ ಮನುಷ್ಯನೇ ಇಲ್ಲವಾಗುತ್ತಾನೆ.

ಆ ಕಾಲದಲ್ಲಿ ಕನ್ನಡ ಚಿತ್ರಗಳ ಹೆಚ್ಚಿನ ಕೆಲಸ ನಡೆಯುತ್ತಿದ್ದುದು ಮದರಾಸಿನಲ್ಲಿ. ರಾಯಣ್ಣನ ಹಾಡಿಗೆ ಮುಂಬಯಿಯ ದನಿ ಬಂದದ್ದು ನೋಡಿದರೆ ಅಷ್ಟು ಅಚ್ಚರಿಯೇನಲ್ಲ. ಕಿತ್ತೂರು ಚೆನ್ನಮ್ಮನ ಬಂಟ ರಾಯಣ್ಣನನ್ನು ಬ್ರಿಟಿಷರು 1831ರಲ್ಲಿ ಗಲ್ಲಿಗೇರಿಸಿದ್ದು ಬೆಳಗಾವಿ ಸೀಮೆಯ ನಂದಗಡದಲ್ಲಿ. 1956ರ ನವೆಂಬರ್ 1ರವರೆಗೆ ಬೆಳಗಾವಿ, ಧಾರವಾಡ, ವಿಜಾಪುರ, ಉತ್ತರ ಕನ್ನಡ ಜಿಲ್ಲೆಗಳೆಲ್ಲ ಮುಂಬಯಿ ರಾಜ್ಯದಲ್ಲೇ ಇದ್ದವು. ಆ ಕಡೆಯವರಿಗೆ ಮುಂಬಯಿ ಪರದೇಶವಾಗಿರಲಿಲ್ಲ.

ಇನ್ನೊಂದು ವಿಷಯ ನೋಡಿ. ಗಡಿ ವಿವಾದದ ಬಗ್ಗೆ ಮಹಾಜನ ಆಯೋಗ ವರದಿ ಕೊಟ್ಟದ್ದೂ ಇದೇ 1967ರಲ್ಲಿ. ಬೆಳಗಾವಿ ಯಾರದು ಎಂದು ಎರಡು ರಾಜ್ಯಗಳು ಹಗ್ಗಜಗ್ಗಾಟ ನಡೆಸುತ್ತಿದ್ದ ವರ್ಷದಲ್ಲೇ ಬೆಳಗಾವಿಯ ವೀರನ ಕತೆಗೆ ಮರಾಠಿ ಮನೆಮಾತಿನ ಗಾಯಕಿ ಕನ್ನಡದಲ್ಲಿ ಹಾಡಿದರು.

ಅದೇ ವರ್ಷ ಮೊಹಮ್ಮದ್ ರಫಿ ಅವರು ಸತ್ಯಂ ಸಂಗೀತದಲ್ಲಿ 'ಒಂದೇ ಬಳ್ಳಿಯ ಹೂಗಳು' ಚಿತ್ರಕ್ಕೆ 'ನೀನೆಲ್ಲಿ ನಡೆವೆ ದೂರ' ಹಾಡಿದರು. 1972ರಲ್ಲಿ ಕಿಶೋರ್ ಕುಮಾರ್ ಅವರು ದ್ವಾರಕೀಶರ 'ಕುಳ್ಳ ಏಜೆಂಟ್ 000' ಚಿತ್ರಕ್ಕೆ ರಾಜನ್-ನಾಗೇಂದ್ರ ಸಂಗೀತದ 'ಆಡೂ ಆಟ ಆಡೂ' ಹಾಡಿದರು. ಕಿಶೋರ್ ಹಾಡು ಇಂದಿಗೂ ಆರ್ಕೆಸ್ಟ್ರಾಗಳಲ್ಲಿ ಕೇಳುತ್ತದೆ. ಲತಾ ಹಾಡು ನೆನಪಿರುವುದು ಅತ್ತೆಯ ತಲೆಮಾರಿನವರಿಗೆ.

ಇನ್ನು ಮನೆಯ ಕತೆ. ಮಗಳು ಹಾಡನ್ನು ದೇವನಾಗರಿಯಲ್ಲಿ ಬರೆದುಕೊಂಡಳು. ಆ ಚೀಟಿ ನೋಡಿ ನನಗೆ ನಾಚಿಕೆಯಾಯಿತು. ಸಂಘದ ವೇದಿಕೆಯಲ್ಲಿ ನನ್ನ ಮಗಳು ಹಿಂದಿ ಅಕ್ಷರ ನೋಡಿ ಕನ್ನಡ ಹಾಡುವುದೇ? ಆಮೇಲೆ ಅನ್ನಿಸಿತು: ಹಾಡಿನ ಸಾಲುಗಳನ್ನು ತಮ್ಮ ಕೈಯಿಂದಲೇ ದೇವನಾಗರಿಯಲ್ಲಿ ಬರೆದುಕೊಳ್ಳುವುದು ಲತಾ ಅವರ ರೂಢಿಯೂ ಆಗಿತ್ತಲ್ಲ!

ಆ ಲಿಪಿ ಎಲ್ಲಿ ಕೈಹಿಡಿಯುತ್ತದೆ, ಎಲ್ಲಿ ಕೈಕೊಡುತ್ತದೆ ಎಂಬುದೂ ಆಗ ತಿಳಿಯಿತು. 'ಬೆಳ್ಳನೆ ಬೆಳಗಾಯಿತು' ಎಂಬ ಎರಡೇ ಪದಗಳಲ್ಲಿ 'ಳ'ಕಾರ ಮತ್ತೆ ಮತ್ತೆ ಬರುತ್ತದೆ. ಹಿಂದಿಯಷ್ಟೇ ಬಲ್ಲ ನಾಲಿಗೆ ಅಲ್ಲಿ ತೊದಲುತ್ತದೆ. ಮರಾಠಿಯಲ್ಲಿ 'ಳ' ಇದೆ; ಶಾಲೆಯಲ್ಲಿ ಮರಾಠಿ ಕಲಿತ ಮಗಳಿಗೆ ಅದು ಸಲೀಸಾಗಿ ಬಂತು. ಆದರೆ ಮರಾಠಿಯಲ್ಲಿ ನಮ್ಮ ಹಾಗೆ 'ಎ', 'ಏ' ಎಂದು ಎರಡು ಅಕ್ಷರಗಳಿಲ್ಲ. ಹಾಗಾಗಿ ಚೀಟಿ ನೋಡಿ ಅವಳು ಹಾಡಿದ್ದು 'ಬೇಳ್ಳನೇ ಬೇಳಗಾಯಿತು'.

"ಅಷ್ಟು ಎಳೀಬೇಡ ಮಗಾ, ಬೆಳಗು ಬೇಗ ಆಗ್ಲಿ" ಎಂದು ಅತ್ತೆ ನಕ್ಕರು. ಮೂರು ದಿನ ಸಂಜೆ ಹೊತ್ತು ಲತಾ ಹಾಡು ಹಾಕಿ, ಒಂದೊಂದು ಸಾಲು ನಿಲ್ಲಿಸಿ ಅವಳಿಗೆ ಕಿವಿಪಾಠ ಹೇಳಿಕೊಟ್ಟರು. ನಾನು ಆಫೀಸಿನಿಂದ ಬರುವಷ್ಟರಲ್ಲಿ ಪಾಠ ಮುಗಿದಿರುತ್ತಿತ್ತು.

ಕಾರ್ಯಕ್ರಮದ ದಿನ ಚೀಟಿ ನನ್ನ ಕೈಗೆ ಸಿಕ್ಕಿತು. ದೇವನಾಗರಿ ಸಾಲಿನ ನಡುವೆ ಮೂರು ಕಡೆ ಹೊಡೆದುಹಾಕಿ, ಮೇಲೆ ಸೊಟ್ಟಪಟ್ಟೆಯಾಗಿ ಕನ್ನಡದಲ್ಲೇ 'ಬೆ', 'ನೆ', 'ಬೆ' ಎಂದು ಬರೆದಿತ್ತು. "ಅಜ್ಜಿಯ ಹತ್ತಿರ ಕೇಳಿ ಬರೆದೆ. ಆ ಲಿಪಿಯಲ್ಲಿ ಇದು ಬರೆಯೋಕಾಗಲ್ಲ ಅಮ್ಮಾ" ಎಂದಳು.