ಗಲ್ಲಾದ ಹಿಂದಿನ ಸ್ವಾಮಿಗಳು

ಠಾಣೆಯಿಂದ ಕಲ್ಯಾಣದವರೆಗೆ ಹೋಟೆಲುಗಳ ಬೋರ್ಡು ಓದಿದರೆ ಮಾಲೀಕರು ಯಾವ ಊರಿನವರೆಂದು ತಿಳಿಯುವುದಿಲ್ಲ. ಗಲ್ಲಾದ ಹಿಂದಿನ ಗೋಡೆ ನೋಡಬೇಕು. ಲಂಗೋಟಿಯ, ಡೊಳ್ಳುಹೊಟ್ಟೆಯ, ಕಪ್ಪು ಮೈಯ ನಿತ್ಯಾನಂದ ಸ್ವಾಮಿಗಳ ಫೋಟೋ ಕಂಡರೆ ನಮ್ಮವರು ನೇರವಾಗಿ ತುಳುವಿನಲ್ಲೇ ಕೇಳುತ್ತಾರೆ: "ಈರೆನ ಊರು ಓಲು?" (ನಿಮ್ಮ ಊರು ಎಲ್ಲಿ?) ಡೊಂಬಿವಲಿಯ ನಮ್ಮ ಹೋಟೆಲಿನಲ್ಲಿ ಗಲ್ಲಾಕ್ಕೆ ಕೂತ ನನಗೆ ಈ ಪ್ರಶ್ನೆ ನಿತ್ಯದ್ದು.

ಹಾಗೆ ನೋಡಿದರೆ ಸ್ವಾಮಿಗಳು ತುಳುನಾಡಿನವರೂ ಅಲ್ಲ. ಕೋಝಿಕ್ಕೋಡ್ ಕಡೆ ಸಿಕ್ಕಿದ ಅನಾಥ ಶಿಶು. ಮಂಗಳೂರಿನಲ್ಲಿ ಓಡಾಡಿ, ಕಾಞಂಗಾಡಿನಲ್ಲಿ ಗುಹೆಗಳನ್ನು ಕೊರೆಸಿ, 1930ರ ದಶಕದಲ್ಲಿ ನಮ್ಮ ಠಾಣೆ ಜಿಲ್ಲೆಯ ಗಣೇಶಪುರಿಗೆ, ಬಿಸಿನೀರಿನ ಕುಂಡಗಳ ಪಕ್ಕಕ್ಕೆ ಬಂದರು. ಮುಂಬಯಿ ಹೋಟೆಲುಗಳಲ್ಲಿ ಮಾಣಿಗಳಾಗಿದ್ದ ಕರಾವಳಿಯ ಹುಡುಗರಿಗೆ ಊರಿನ ಮಾತು ಬಲ್ಲ ಹಿರಿಯರೊಬ್ಬರು ಸಿಕ್ಕಿದರು. ನಮ್ಮ ಮಾವನೂ ರಜೆ ಸಿಕ್ಕಾಗ ಭಿವಂಡಿ ಮೇಲಿನ ಬಸ್ಸು ಹಿಡಿದವರೇ.

ಗೋಡೆಯ ಫೋಟೋಕ್ಕೆ ಭಕ್ತಿಯೊಂದೇ ಕಾರಣವೆಂದು ನಾನು ಒಪ್ಪುವುದಿಲ್ಲ. ಬಂಟರಿಗೆ ಕುಟುಂಬದ ದೈವ, ಬಿಲ್ಲವರಿಗೆ ನಾರಾಯಣ ಗುರು, ಉಡುಪಿಯ ಬ್ರಾಹ್ಮಣರಿಗೆ ಕೃಷ್ಣ. ಹುಟ್ಟಿದ ಜಾತಿಯೇ ಗೊತ್ತಿಲ್ಲದ ಸ್ವಾಮಿಗಳ ಚಿತ್ರ ಎಲ್ಲರ ಗೋಡೆಗೂ ಹೊಂದಿತು. ಮಂಗಳೂರಿನಲ್ಲಿ ಅವರಾಡಿದ ಮಾತುಗಳನ್ನು ತುಳಸಿಯಮ್ಮ ಕನ್ನಡದಲ್ಲಿ ಬರೆದಿಟ್ಟದ್ದೇ 'ಚಿದಾಕಾಶ ಗೀತೆ'. ನಮ್ಮ ಮನೆಯಲ್ಲಿ ಅದನ್ನು ಓದಿದವರಿಲ್ಲ. ಫೋಟೋಕ್ಕೆ ಅಗರಬತ್ತಿ ಮಾತ್ರ ಒಂದು ದಿನವೂ ತಪ್ಪಿಲ್ಲ.

ಆ ಫೋಟೋಗಳ ಹಿಂದೆ ಮುಂಬಯಿಯ ಛಾಯಾಗ್ರಾಹಕ ಎಂ.ಡಿ. ಸುವರ್ಣ ಇದ್ದಾರೆ. ಗಣೇಶಪುರಿಗೆ ಹೋಗಿ ಸ್ವಾಮಿಗಳನ್ನು ಮತ್ತೆ ಮತ್ತೆ ಸೆರೆಹಿಡಿದವರು ಅವರು. 1961ರ ಆಗಸ್ಟ್ 8ರಂದು ಸ್ವಾಮಿಗಳು ಸಮಾಧಿಯಾದ ಮೇಲೆ ಭಕ್ತರ ಕೈಯಲ್ಲಿ ಉಳಿದದ್ದು ಹೆಚ್ಚಾಗಿ ಇಂಥ ಕೊನೆಗಾಲದ ಚಿತ್ರಗಳೇ. ಕಪ್ಪು-ಬಿಳುಪಿಗೆ ಬಣ್ಣ ಬಂತು, ಕ್ಯಾಲೆಂಡರ್ ಆಯಿತು, ಗಲ್ಲಾದ ಮೇಲೆ ಬಲ್ಬು ಹತ್ತಿತು. ಗುಹೆ ಕೊರೆಸಿದ ಕಾಲದ, ಎಲುಬು ಎಣಿಸಬಹುದಾದ ಮೈಯ ಯುವಕ ಹಿಂದೆ ಸರಿದ. ಕ್ಯಾಮೆರಾ ಕಂಡ ಮುದಿತನವೇ ನಮ್ಮ ಪಾಲಿನ ನಿತ್ಯಾನಂದ ಆಯಿತು.

ಅಂಥದ್ದೊಂದು ಹಳೆಯ, ಸಣಕಲು ಮೈಯ ಚಿತ್ರ ನನಗೆ ಸಿಕ್ಕಿತ್ತು. ಕಟ್ಟು ಹಾಕಿಸಿ ದೊಡ್ಡ ಫೋಟೋದ ಪಕ್ಕದಲ್ಲೇ ತೂಗುಹಾಕಿದೆ. ಕಾರ್ಕಳದ ಗಿರಾಕಿಯೊಬ್ಬರು ಬಿಲ್ಲು ಕೊಡುತ್ತಾ ಅದನ್ನೇ ದಿಟ್ಟಿಸಿ, "ನಿಮ್ಮ ಮಾವನವರ ಅಣ್ಣನಾ ಅಕ್ಕಾ?" ಎಂದರು.