ಬೆಟ್ಟ ಕಾಣುವಷ್ಟು ದೂರ

ಗುಂಡ್ಲುಪೇಟೆಯಿಂದ ಊಟಿ ರಸ್ತೆ ಹಿಡಿದರೆ ಹಂಗಳ ಸಿಗುತ್ತದೆ. ನೇರ ಹೋದರೆ ಬಂಡೀಪುರ, ಬಲಕ್ಕೆ ಹೊರಳಿದರೆ ಗೋಪಾಲಸ್ವಾಮಿ ಬೆಟ್ಟ. ‘ಹಿಮವದ್’ ಎಂಬುದು ಬೋರ್ಡಿನ ಮಾತು. ಬುಡದ ಹಳ್ಳಿಗಳವರಿಗೆ ಅದು ಬರೀ ಬೆಟ್ಟ. ಕಂದಾಯ ಇಲಾಖೆಯ ಲೆಕ್ಕದಲ್ಲಿ ಹಂಗಳ ಹೋಬಳಿಗೆ ಸರ್ವೆ ಕಲ್ಲಿನ ಎಲ್ಲೆ ಉಂಟು. ಆದರೆ ಹೊಲದಲ್ಲಿ ನಿಂತವನಿಗೆ 1454 ಮೀಟರ್ ಎತ್ತರದ ಆ ನೆತ್ತಿ ಎಲ್ಲಿಯವರೆಗೆ ಕಾಣುತ್ತದೋ ಅಲ್ಲಿಯವರೆಗೂ ತನ್ನ ಸೀಮೆ. ಅದರ ಮೇಲೆ ಮಂಜು ಕೂತರೆ ಒಂದು ಲೆಕ್ಕ, ಕೂರದಿದ್ದರೆ ಇನ್ನೊಂದು.

ಇಂಗ್ಲೆಂಡಿನ ಹಳ್ಳಿಗಾಡಿನಲ್ಲಿ ಚರ್ಚಿಗೊಂದು ಪ್ಯಾರಿಷ್ ಇರುತ್ತದೆ: ಇಷ್ಟು ಹೊಲ, ಇಷ್ಟು ಮನೆ ಈ ಗುಡಿಯ ಪಾಲಿಗೆ ಎಂಬ ಎಲ್ಲೆ. ವರ್ಷಕ್ಕೊಮ್ಮೆ ಪಾದ್ರಿಯ ಜೊತೆ ಊರ ಹುಡುಗರು ಕೋಲು ಹಿಡಿದು ಗಡಿಕಲ್ಲುಗಳನ್ನು ಬಡಿಯುತ್ತ ಸುತ್ತು ಬರುತ್ತಿದ್ದರಂತೆ, ಎಲ್ಲೆ ಮರೆಯದಿರಲಿ ಎಂದು. ನಮ್ಮಲ್ಲಿ ಗಡಿ ಸುತ್ತುವವರು ಅರಣ್ಯ ಇಲಾಖೆಯ ವಾಚರುಗಳು, ರಾತ್ರಿ ಹೊತ್ತು ಆನೆಗಳು.

ಬೆಟ್ಟದ ಗುಡಿ ಹೊಯ್ಸಳ ಮುಮ್ಮಡಿ ಬಲ್ಲಾಳನ ಕಾಲದ್ದು. ಸುಮಾರು 1315ರಲ್ಲಿ ಕಟ್ಟಿಸಿದವನು ಪೆರುಮಾಳ ದಂಡನಾಯಕನ ಮಗ ಮಾಧವ ದಂಡನಾಯಕ. ತೆರಕಣಾಂಬಿಯನ್ನು ನೆಲೆ ಮಾಡಿಕೊಂಡು ಪದಿನಾಲ್ಕುನಾಡನ್ನು ಆಳಿದ ಮನೆತನ ಅದು. ಹೊಯ್ಸಳ ಗುಡಿ ಎಂದ ಕೂಡಲೆ ಬೇಲೂರನ್ನು ನೆನೆದು ಹತ್ತಿದವರಿಗೆ ನಿರಾಸೆಯಾಗಬಹುದು. ಇಲ್ಲಿರುವುದು ಗಾಳಿಗೆ ಮೈಯೊಡ್ಡಿ ನಿಂತ ಸಣ್ಣ ಗುಡಿ, ಒಳಗೆ ಕೊಳಲೂದುವ ಕೃಷ್ಣ. ಬಯಲಿನ ಅರಸು ಮಲೆಯ ತುದಿಗೆ ದೇವರನ್ನು ಕೂರಿಸಿದ್ದರಲ್ಲಿ ಭಕ್ತಿಯಷ್ಟೇ ಇತ್ತೆಂದು ನನಗನ್ನಿಸುವುದಿಲ್ಲ. ಅಲ್ಲಿ ನಿಂತರೆ ವಯನಾಡು, ನೀಲಗಿರಿಯ ಕಡೆಯ ಕಾಡೆಲ್ಲ ಕಣ್ಣ ಕೆಳಗೆ.

ಇದೇ ಬೆಟ್ಟದ ಸೀಮೆಯಲ್ಲಿ ಹುಟ್ಟುವ ಗುಂಡ್ಲು ಹೊಳೆ ಉತ್ತರಕ್ಕೆ ಹರಿದು ನಂಜನಗೂಡಿನಲ್ಲಿ ಕಪಿಲೆ ಸೇರುತ್ತದೆ. ಅಲ್ಲಿ ಅದಕ್ಕೆ ಕೌಂಡಿನ್ಯ ಎಂಬ ದೊಡ್ಡ ಹೆಸರು. ಬೇಸಿಗೆಯ ಹೊಳೆ ನೋಡಿದವರಿಗೆ ಆ ಹೆಸರು ತುಸು ಹೆಚ್ಚಾಯಿತೆನಿಸೀತು.

ಹಂಗಳದ ಚರಿತ್ರೆಯಲ್ಲಿ ನನ್ನನ್ನು ಹಿಡಿದು ನಿಲ್ಲಿಸುವುದು ಒಂದು ಸೆರೆಯ ಕಥೆ. 1673ರಲ್ಲಿ ಪಟ್ಟವೇರಿದ ಚಿಕ್ಕದೇವರಾಜ ಒಡೆಯರು ಅದಕ್ಕೆ ಮುಂಚೆ ಹಂಗಳದಲ್ಲಿ ಕಾವಲಿನಲ್ಲಿದ್ದರು. ಮೈಸೂರಿಗೆ ದೂರ, ಕಾಡಿಗೆ ಹತ್ತಿರ. ಅರಸುಮಗನನ್ನು ಮರೆಸಿಡಲು ಹೇಳಿಮಾಡಿಸಿದ ಊರು. ಅಲ್ಲಿ ಅವರ ಜೊತೆಗಿದ್ದವರು ಯಳಂದೂರಿನ ಜೈನ ವಿದ್ವಾಂಸ ವಿಶಾಲಾಕ್ಷ ಪಂಡಿತರು. ಅರಸನಾದ ಮೇಲೆ ಚಿಕ್ಕದೇವರಾಜರು ಅವರನ್ನೇ ಪ್ರಧಾನಿ ಮಾಡಿಕೊಂಡರು. ತೆರಿಗೆಗೂ ಕಟ್ಟುನಿಟ್ಟಿಗೂ ಹೆಸರಾದ ಆ ಆಡಳಿತದ ಮೊದಲ ಮಾತುಕತೆಗಳು ಹಂಗಳದ ಯಾವುದೋ ಜಗುಲಿಯ ಮೇಲೆ ನಡೆದಿರಬೇಕು. ತಂದೆಯ ನೆನಪಿಗೆ ಅವರು ಪರವಾಸುದೇವ ದೇವಸ್ಥಾನ ಕಟ್ಟಿಸಿದ್ದು ಗುಂಡ್ಲುಪೇಟೆಯಲ್ಲಿ. ಆವರೆಗೆ ಆ ಊರು ವಿಜಯಪುರ. ಸೆರೆಯಿಟ್ಟ ಹಂಗಳಕ್ಕೆ ಅಂಥದ್ದೊಂದು ಗುಡಿ ಸಿಗಲಿಲ್ಲ ಎಂಬುದು ನನ್ನ ಸಣ್ಣ ತಕರಾರು.

ಇಪ್ಪತ್ತನೆಯ ಶತಮಾನದಲ್ಲಿ ದೇವರ ಹೆಸರು ಕಾಡಿಗೂ ಹತ್ತಿತು. 1931ರಲ್ಲಿ ಮೈಸೂರು ಮಹಾರಾಜರ ಸರ್ಕಾರ ಸುಮಾರು 90 ಚದರ ಕಿಲೋಮೀಟರ್ ಕಾಡನ್ನು ವೇಣುಗೋಪಾಲ ವನ್ಯಜೀವಿ ಉದ್ಯಾನವೆಂದು ಕರೆಯಿತು. 1941ರಲ್ಲಿ ಅದು 800 ಚದರ ಕಿಲೋಮೀಟರ್‌ಗೆ ಹಿಗ್ಗಿತು. 1973ರಲ್ಲಿ ಹುಲಿ ಯೋಜನೆ ಬಂತು. ಗೋಪಾಲ ಎಂದರೆ ದನ ಕಾಯುವವನು. ಅವನ ಹೆಸರಿನಲ್ಲಿ ಶುರುವಾದ ಕಾಡಿಗೆ ದನ ಹೊಡೆಯುವುದೇ ತಪ್ಪಾಯಿತು. ಕಾಡಿನೊಳಗಿನ ಜೇನುಕುರುಬರ ಹಾಡಿಗಳಿಗೆ ಇದು ಇನ್ನೂ ಕಠಿಣವಾಯಿತು.

ಆ ದನಗಳದ್ದೇ ಒಂದು ಅರ್ಥಶಾಸ್ತ್ರವಿದೆ. ಹಾಲಿಗಿಂತ ಸಗಣಿಗಾಗಿ ಹಿಂಡು ಸಾಕಿದ ಮನೆಗಳು ಈ ಅಂಚಿನಲ್ಲಿ ಬೇಕಾದಷ್ಟಿದ್ದವು. ಕಾಡಿನಲ್ಲಿ ಮೇದು ಬಂದ ದನದ ಗೊಬ್ಬರ ಲಾರಿ ಹತ್ತಿ ವಯನಾಡಿನ ಕಾಫಿ ತೋಟಕ್ಕೆ ಹೋಗುತ್ತಿತ್ತು. ಬಂಡೀಪುರದ ಹುಲ್ಲು ಹೀಗೆ ಕೇರಳದ ಕಾಫಿಯಾಗುತ್ತಿತ್ತು. ಇಲ್ಲಿನ ಹೊಲಕ್ಕೆ ಚೀಲದ ಗೊಬ್ಬರ ಬರುತ್ತಿತ್ತು.

ಈಗ ಆ ಕಡೆಯಿಂದ ಕಾರುಗಳು ಬರುತ್ತವೆ. ಮುಂಗಾರಿನಲ್ಲಿ ಸೂರ್ಯಕಾಂತಿ, ಚೆಂಡು ಹೂ ಅರಳಿದಾಗ ಹೊಲದ ಬದುವಿನಲ್ಲಿ ಫೋಟೋ ತೆಗೆಸಿಕೊಳ್ಳುವವರ ಜಾತ್ರೆ. ಕೆಲವು ರೈತರು ಹೊಲಕ್ಕೆ ಇಳಿಯಲು ಕಾಸು ಕೇಳುತ್ತಾರೆ. ಕೇಳಲಿ, ಅರಿಸಿನಕ್ಕೂ ಸಣ್ಣ ಈರುಳ್ಳಿಗೂ ಯಾವ ವರ್ಷ ಏನು ಬೆಲೆಯೋ ಹೇಳಬಲ್ಲವರಿಲ್ಲ. ಆ ಚೆಂಡು ಹೂವೂ ದೇವರ ಮುಡಿಗಲ್ಲ, ಬಣ್ಣ ತೆಗೆಯುವ ಕಾರ್ಖಾನೆಗೆ.

2009ರಿಂದ ರಾತ್ರಿ ಒಂಬತ್ತರಿಂದ ಬೆಳಿಗ್ಗೆ ಆರರವರೆಗೆ ಕಾಡಿನ ರಸ್ತೆಗಳು ಬಂದ್. ಬೆಟ್ಟಕ್ಕೂ ಸ್ವಂತ ವಾಹನ ಬಿಡುವುದಿಲ್ಲ, ಬುಡದಲ್ಲಿ ಇಳಿದು ಸಾರಿಗೆ ಬಸ್ಸು ಹತ್ತಬೇಕು. ಶ್ರಾವಣ ಶನಿವಾರಗಳಂದು ಆ ಸಾಲಿನಲ್ಲಿ ನಿಂತರೆ ಮಕ್ಕಳ ಭಾಗ್ಯ ಬೇಡಿ ಬಂದ ಜೋಡಿಗಳು, ಹರಕೆ ತೀರಿಸಲು ಕೂಸನ್ನೆತ್ತಿಕೊಂಡು ಬಂದವರು ಒಟ್ಟಿಗೆ ಸಿಗುತ್ತಾರೆ. ಬಿಸಿಲಿದ್ದರೂ ಕೂಸಿಗೆ ಕುಲಾವಿ ಹಾಕಿರುತ್ತಾರೆ. ಮೇಲೆ ಗಾಳಿ ಹೇಗಿರುತ್ತದೆಂದು ಅಜ್ಜಿಯರಿಗೆ ಗೊತ್ತು.